ತಜ್ಞರ ಸಾಕ್ಷಿ ಬಿಡುವ ಮುನ್ನ



ನಮ್ಮದು ಕಾಫಿ, ಅಡಿಕೆ. ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡದವರದು ಕಬ್ಬು, ತಂಬಾಕು. ಬೆಳೆ ಬೇರೆಯಾದರೂ ಬದುವಿನ ವ್ಯಾಜ್ಯ ಒಂದೇ. ಆ ಸೀಮೆ 1956ರ ನವೆಂಬರ್ 1ರವರೆಗೆ ಮುಂಬಯಿ ರಾಜ್ಯದಲ್ಲಿತ್ತು. ಹಳೆಯ ಪತ್ರಗಳು ಮೋಡಿ ಲಿಪಿಯಲ್ಲಿರುವುದೂ ಉಂಟು. ಅವನ್ನು ಓದಲು ಒಬ್ಬ ತಜ್ಞ, ಹೆಬ್ಬೆಟ್ಟು ಪರೀಕ್ಷಿಸಲು ಇನ್ನೊಬ್ಬ, ಹೊಲ ಅಳೆಯಲು ಮತ್ತೊಬ್ಬ. ಖರ್ಚು ಏರಿದಾಗ, "ನಿಮ್ಮ ತಜ್ಞರನ್ನು ನೀವು ಬಿಡಿ, ನಮ್ಮವರನ್ನು ನಾವು ಬಿಡುತ್ತೇವೆ" ಎಂಬ ಮಾತು ಬರುತ್ತದೆ.

ಒಪ್ಪುವುದು ತಪ್ಪಲ್ಲ. ಆದರೆ ಮೂರು ಸಂಗತಿ ತಿಳಿದಿರಬೇಕು.

ಮೊದಲನೆಯದು, ನಾವೇ ಹಣ ಕೊಟ್ಟು ಗೊತ್ತುಮಾಡಿದ ತಜ್ಞರನ್ನು ಸಾಕ್ಷಿಗೆ ಕರೆಯದೆ ಬಿಡಬಹುದು. ಕೋರ್ಟು ನೇಮಿಸಿದ ಕಮಿಷನರರ ವರದಿ ಹಾಗಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದಂತೆ ಅದು ದಾವೆಯ ಸಾಕ್ಷ್ಯವೇ. ತಕರಾರು ಸಲ್ಲಿಸಬಹುದು, ಇಬ್ಬರೂ ಕೂಡಿ ಕಡತದಿಂದ ತೆಗೆಯಲಾಗದು.

ಎರಡನೆಯದು, ತಜ್ಞರನ್ನು ಬಿಟ್ಟರೂ ರುಜುವಾತಿನ ಹೊಣೆ ಬಿಡದು. ಹೆಬ್ಬೆಟ್ಟು ತಂದೆಯದೇ ಎನ್ನುವವರು ಬೇರೆ ಸಾಕ್ಷಿ ತರಲೇಬೇಕು. ಪತ್ರಕ್ಕೆ ರುಜು ಹಾಕಿದ ಸಾಕ್ಷಿದಾರರು ಬದುಕಿದ್ದಾರೆಯೇ ಎಂದು ಮೊದಲು ನೋಡಿಕೊಳ್ಳಿ.

ಮೂರನೆಯದು, ಬಾಯಿಮಾತು ಸಾಲದು. ವ್ಯಾಜ್ಯವನ್ನೇ ಮುಗಿಸುವ ರಾಜಿ 23ನೇ ಆದೇಶದ 3ನೇ ನಿಯಮದಂತೆ ಬರಹದಲ್ಲಿದ್ದು, ಉಭಯರ ರುಜು ಇರಬೇಕು. ತಜ್ಞರಷ್ಟನ್ನೇ ಬಿಡುವುದಾದರೂ ವಕೀಲರ ಮೂಲಕ ಜಂಟಿ ಮೆಮೊ ಕೊಡಿಸುವುದು ಕ್ಷೇಮ. ಇಲ್ಲವಾದರೆ ನಾವು ಬಿಟ್ಟಿರುತ್ತೇವೆ, ಎದುರಿನವರು ವಿಚಾರಣೆಯ ದಿನ ತಮ್ಮವರನ್ನು ಕರೆತಂದಿರುತ್ತಾರೆ.

ಖರ್ಚೇ ಭಾರವೆನಿಸಿದರೆ ಲೋಕ ಅದಾಲತ್ ಇದೆ. ಅಲ್ಲಿ ರಾಜಿಯಾದರೆ ಕೋರ್ಟು ಶುಲ್ಕ ಮರಳಿ ಬರುತ್ತದೆ, ತೀರ್ಪಿನ ಮೇಲೆ ಅಪೀಲು ಇಲ್ಲ. ಸಾಕ್ಷಿ ಬಿಡುವ ಮುನ್ನ ಜಗಳವನ್ನೇ ಬಿಡಬಹುದೇ ಎಂದು ಒಮ್ಮೆ ಯೋಚಿಸಬೇಕೆಂದು ಸದಸ್ಯರಲ್ಲಿ ನಮ್ಮ ವಿನಂತಿ.