ಹಳೇಬೀಡಿನ ಕಂಬ, ಕಾರವಾರದ ಹಡಗು ಮತ್ತು ನನ್ನ ಮ್ಯೂಟ್ ಬಟನ್

ಹಳೇಬೀಡಿಗೆ ಹೋದವರೆಲ್ಲ ಹೊಯ್ಸಳೇಶ್ವರ ದೇವಸ್ಥಾನದ ಗೋಡೆ ನೋಡ್ತಾರೆ, ದೊಡ್ಡ ನಂದಿ ನೋಡ್ತಾರೆ, ಫೋಟೊ ತೆಗೆದುಕೊಂಡು ಬೇಲೂರಿನ ಕಡೆ ಹೊರಡ್ತಾರೆ. ದಕ್ಷಿಣದ ಬದಿಯಲ್ಲಿರುವ ಗರುಡ ಕಂಬದ ಹತ್ತಿರ ನಿಲ್ಲುವವರು ಕಡಿಮೆ. ಅರಸೀಕೆರೆಯವನಾದ ನಾನೂ ಸ್ಕೂಲ್ ಟ್ರಿಪ್ಪಿನಿಂದ ಹಿಡಿದು ಎಷ್ಟೋ ಸಲ ಹೋಗಿದ್ದೇನೆ, ನಿಂತಿರಲಿಲ್ಲ. ಈ ಸಲ ನಿಂತೆ. ಕಾರಣ, ರಷ್ಯಾದ ಒಬ್ಬ ಅಡ್ಮಿರಲ್!

ಮೊದಲು ಕಂಬದ ಕತೆ. ಇಮ್ಮಡಿ ವೀರಬಲ್ಲಾಳನ ನೆಚ್ಚಿನ ದಂಡನಾಯಕ ಕುವರ ಲಕ್ಷ್ಮ. ದೊರೆ ತೀರಿಕೊಂಡಾಗ ಅವನು, ಅವನ ಹೆಂಡತಿ, ಜೊತೆಗಿದ್ದ ಅಂಗರಕ್ಷಕರು ಎಲ್ಲರೂ ಪ್ರಾಣ ಬಿಟ್ಟರು ಅಂತ ಅಲ್ಲಿನ ಶಾಸನ ಹೇಳುತ್ತದೆ. ತಮ್ಮ ತಲೆಯನ್ನು ತಾವೇ ಕತ್ತರಿಸಿಕೊಳ್ಳುವ ವೀರರನ್ನು ಕಂಬದ ಮೇಲೆ ಕೆತ್ತಿದ್ದಾರೆ. ಉಂಡ ಅನ್ನದ ಋಣ ತೀರಿಸುವುದಕ್ಕೆ ಹಳಗನ್ನಡದಲ್ಲಿ ಜೋಳವಾಳಿ ಅನ್ನುತ್ತಿದ್ದರು. ಒಡೆಯನ ಜೊತೆಗೇ ಸಾಯುತ್ತೇನೆ ಅನ್ನುವ ಪ್ರತಿಜ್ಞೆ ವೇಳೆವಾಳಿ. ಬಲ್ಲಾಳ ತೀರಿಕೊಂಡಿದ್ದು 1220ರಲ್ಲಿ. ನಮ್ಮೂರಿನ ಈಶ್ವರ ದೇವಸ್ಥಾನವೂ ಅದೇ ವರ್ಷದ್ದು.

ಇನ್ನು ಅಡ್ಮಿರಲ್. ಕಳೆದ ವರ್ಷ ಅಪ್ಪ ಅಮ್ಮನನ್ನು ಕರೆದುಕೊಂಡು ಕಾರವಾರಕ್ಕೆ ಹೋಗಿದ್ದೆ. ಟ್ಯಾಗೋರ್ ಬೀಚಿನಲ್ಲಿ ಮ್ಯೂಸಿಯಂ ಮಾಡಿ ನಿಲ್ಲಿಸಿರುವ ಐಎನ್ಎಸ್ ಚಪಲ್ ಒಳಗೆ ಓಡಾಡುವಾಗ ಅಪ್ಪ, "ಇದು ಎಲ್ಲಿ ಮಾಡಿದ್ದೋ?" ಅಂದರು. ಫೋನಿನಲ್ಲಿ ಹುಡುಕಿದೆ. ಸೋವಿಯತ್ ಒಕ್ಕೂಟದ್ದು. ಅಲ್ಲೇ ಹತ್ತಿರದ ನೌಕಾನೆಲೆಗೆ ಸೇರಿದ ವಿಮಾನವಾಹಕ ನೌಕೆ ಐಎನ್ಎಸ್ ವಿಕ್ರಮಾದಿತ್ಯ ಕೂಡ ಅಲ್ಲಿಂದಲೇ ಬಂದದ್ದು. 284 ಮೀಟರ್ ಉದ್ದದ ಆ ಹಡಗಿನ ಹಳೆಯ ಹೆಸರು 'ಅಡ್ಮಿರಲ್ ಗೋರ್ಷ್ಕೋವ್'. ಯಾರಪ್ಪಾ ಇವನು ಅಂತ ಓದಲು ಶುರು ಮಾಡಿದವನು ರಾತ್ರಿ ಎರಡು ಗಂಟೆಯವರೆಗೆ ಮಲಗಲಿಲ್ಲ.

ಮುಳುಗಿದ ಹಡಗು, ಉಳಿದ ಕೆಲಸ

ಸೆರ್ಗೈ ಗೋರ್ಷ್ಕೋವ್ ಹುಟ್ಟಿದ್ದು 1910ರಲ್ಲಿ, ಈಗಿನ ಉಕ್ರೇನಿನಲ್ಲಿ. ಅಪ್ಪ ಅಮ್ಮ ಮೇಷ್ಟ್ರುಗಳು. 17ನೇ ವಯಸ್ಸಿಗೆ ನೌಕಾಪಡೆಯ ಶಾಲೆ ಸೇರಿ 1931ರಲ್ಲಿ ಅಧಿಕಾರಿಯಾದ. ಮುಂದೆ ಕೆಲಸ ಪೆಸಿಫಿಕ್ ತೀರದಲ್ಲಿ.

1938ರ ನವೆಂಬರ್. ಹೊಸದಾಗಿ ಕಟ್ಟಿದ್ದ 'ರೆಶಿಟೆಲ್ನಿ' ಅನ್ನುವ ಯುದ್ಧನೌಕೆಯನ್ನು ವ್ಲಾದಿವೋಸ್ತಾಕಿಗೆ ಎಳೆದುಕೊಂಡು ಬರಬೇಕಿತ್ತು. ಹೊಣೆ ಗೋರ್ಷ್ಕೋವನದು. ದಾರಿಯಲ್ಲಿ ಬಿರುಗಾಳಿ ಎದ್ದಿತು, ಹಡಗು ಬಂಡೆಗೆ ಬಡಿದು ಮುರಿಯಿತು. ಅದು ಸ್ಟಾಲಿನ್ ಕಾಲ. ಇದಕ್ಕಿಂತ ಚಿಕ್ಕ ಕಾರಣಗಳಿಗೂ ಅಧಿಕಾರಿಗಳು ಮಾಯವಾಗುತ್ತಿದ್ದ ದಿನಗಳು. ಪೆಸಿಫಿಕ್ ಪಡೆಯ ಮುಖ್ಯಸ್ಥ ನಿಕೊಲಾಯ್ ಕುಜ್ನೆತ್ಸೊವ್ ಮಾಸ್ಕೋಗೆ ಹೋದಾಗ ಸ್ಟಾಲಿನ್ ನೇರವಾಗಿ ಕೇಳಿದ: ಹಡಗನ್ನು ಉಳಿಸಲು ಮಾಡಬೇಕಾದ್ದನ್ನೆಲ್ಲ ಮಾಡಿದ್ದಿರಾ? ಎಲ್ಲವನ್ನೂ ಮಾಡಿದ್ದೆವು ಅಂತ ಕುಜ್ನೆತ್ಸೊವ್ ಉತ್ತರ ಕೊಟ್ಟ. ಗೋರ್ಷ್ಕೋವ್ ಉಳಿದುಕೊಂಡ.

ಮುಂದೆ ಇಡೀ ನೌಕಾಪಡೆಯ ಮುಖ್ಯಸ್ಥನಾದ ಕುಜ್ನೆತ್ಸೊವ್ ಸಾಮಾನ್ಯ ಮನುಷ್ಯನಲ್ಲ. 1941ರ ಜೂನಿನಲ್ಲಿ ಹಿಟ್ಲರ್ ದಾಳಿ ಮಾಡುವ ಕೆಲವೇ ಗಂಟೆ ಮೊದಲು ಪಡೆಯನ್ನು ಎಚ್ಚರಿಸಿದ್ದವನು ಆತನೇ. ಗೋರ್ಷ್ಕೋವ್ ಯುದ್ಧದಲ್ಲಿ ಅಜೋವ್ ಸಮುದ್ರ ಮತ್ತು ಡ್ಯಾನ್ಯೂಬ್ ನದಿಯ ಪಡೆಗಳನ್ನು ನಡೆಸಿ, 1951ರಲ್ಲಿ ಕಪ್ಪು ಸಮುದ್ರದ ಪಡೆಗೆ ಮುಖ್ಯಸ್ಥನಾದ. 1955ರಲ್ಲಿ ಕುಜ್ನೆತ್ಸೊವ್‌ಗೆ ಹೃದಯಾಘಾತ ಆದಾಗ, ಆತನ ಕೆಲಸ ನೋಡಿಕೊಳ್ಳಲು ಮಾಸ್ಕೋಗೆ ಬಂದ.

ಅದೇ ವರ್ಷ ಅಕ್ಟೋಬರ್ 29ರ ರಾತ್ರಿ ಸೆವಾಸ್ತೊಪೋಲ್ ಬಂದರಿನಲ್ಲಿ ನಿಂತಿದ್ದ 'ನೊವೊರೊಸಿಸ್ಕ್' ಹಡಗು ಸ್ಫೋಟಗೊಂಡು ಮಗುಚಿತು. 600ಕ್ಕೂ ಹೆಚ್ಚು ನಾವಿಕರು ಸತ್ತರು. ಕಾಯಿಲೆ ರಜೆಯಲ್ಲಿದ್ದ ಕುಜ್ನೆತ್ಸೊವ್ ತಲೆಗೆ ಅದನ್ನು ಕಟ್ಟಿದರು. ಹುದ್ದೆ ಹೋಯಿತು, ರ‍್ಯಾಂಕ್ ಇಳಿಸಿದರು, ಮತ್ತೆ ನೌಕಾಪಡೆಯ ಕೆಲಸ ಮಾಡದ ಹಾಗೆ ಮಾಡಿದರು. ಅದೇ ಬೇಸಿಗೆಯವರೆಗೆ ಆ ಕಪ್ಪು ಸಮುದ್ರದ ಪಡೆಯ ಮುಖ್ಯಸ್ಥನಾಗಿದ್ದವನು ಗೋರ್ಷ್ಕೋವ್. 1956ರ ಜನವರಿಯಲ್ಲಿ ಖಾಲಿಯಾದ ಕುರ್ಚಿ ಸಿಕ್ಕಿದ್ದೂ ಅವನಿಗೇ. ಆಗ ವಯಸ್ಸು 45.

ಐದು ನಾಯಕರು, ಒಂದು ಕುರ್ಚಿ

ಆ ಕುರ್ಚಿಯಲ್ಲಿ ಅವನು 1985ರವರೆಗೆ ಕೂತ. ಕ್ರುಶ್ಚೇವ್‌ನಿಂದ ಗೋರ್ಬಚೇವ್‌ವರೆಗೆ ಐದು ನಾಯಕರು ಬಂದರು. ಅಮೆರಿಕದ ನೌಕಾಪಡೆಯಲ್ಲಿ ಅಷ್ಟರಲ್ಲಿ ಎಂಟು ಮುಖ್ಯಸ್ಥರು ಆಗಿಹೋದರು. ದೊಡ್ಡ ಹಡಗೆಲ್ಲ ದಂಡ, ಕ್ಷಿಪಣಿ ಇದ್ದರೆ ಸಾಕು ಅನ್ನುತ್ತಿದ್ದ ಕ್ರುಶ್ಚೇವ್‌ಗೆ ತಲೆಯಾಡಿಸುತ್ತಲೇ, ದಡ ಕಾಯುವ ಪಡೆಯನ್ನು ಜಗತ್ತಿನ ಎಲ್ಲ ಸಾಗರಗಳಲ್ಲೂ ಓಡಾಡುವ ಪಡೆಯಾಗಿ ಬೆಳೆಸಿದ. ಅಣುಶಕ್ತಿಯ ಜಲಾಂತರ್ಗಾಮಿಗಳು, ಕ್ಷಿಪಣಿ ಹಡಗುಗಳು, ಕೊನೆಗೆ ವಿಮಾನ ಹೊತ್ತ ಹಡಗುಗಳು. 'ಇನ್ನೂ ಚೆನ್ನಾಗಿರೋದು, ಸಾಕಷ್ಟು ಚೆನ್ನಾಗಿರೋದರ ಶತ್ರು' ಅನ್ನುವ ಮಾತು ಅವನ ಕಚೇರಿಯ ಗೋಡೆಯ ಮೇಲಿತ್ತು ಅಂತ ಹೇಳುತ್ತಾರೆ. ರಿಲೀಸ್ ಡೇಟ್ ಹತ್ತಿರ ಬಂದಾಗ ನಾವು ಹೇಳೋದೂ ಇದೇ ಅಲ್ವಾ?

ನಮ್ಮ ದೇಶಕ್ಕೂ ಇದರ ಫಲ ಸಿಕ್ಕಿತು. ಭಾರತದ ಮೊದಲ ಜಲಾಂತರ್ಗಾಮಿ ಐಎನ್ಎಸ್ ಕಲ್ವರಿ 1967ರ ಡಿಸೆಂಬರ್ 8ರಂದು ಸೋವಿಯತ್ ಒಕ್ಕೂಟದ ರೀಗಾದಲ್ಲಿ ನಮ್ಮ ಪಡೆ ಸೇರಿತು. ಬಂದರು ಕಾಯಲೆಂದು ಅಲ್ಲಿಂದ ತಂದ ಪುಟ್ಟ ಕ್ಷಿಪಣಿ ದೋಣಿಗಳನ್ನೇ ನಮ್ಮವರು ದೂರದವರೆಗೆ ಎಳೆದುಕೊಂಡು ಹೋಗಿ, 1971ರ ಡಿಸೆಂಬರ್ 4ರ ರಾತ್ರಿ ಕರಾಚಿಯ ಮೇಲೆ ದಾಳಿ ಮಾಡಿದರು. ನೌಕಾಪಡೆ ದಿನ ಆಚರಿಸುವುದು ಅದಕ್ಕೇ.

ಇಷ್ಟೆಲ್ಲ ಮಾಡಿದವನ ಬಗ್ಗೆ ಒಂದು ವಿಷಯ ಮಾತ್ರ ನನಗೆ ಮುಳ್ಳಿನ ಹಾಗೆ ಚುಚ್ಚಿತು. ಕುಜ್ನೆತ್ಸೊವ್ 1974ರಲ್ಲಿ ಕಳೆದುಕೊಂಡ ರ‍್ಯಾಂಕ್ ಮರಳಿ ಸಿಗದೇ ತೀರಿಕೊಂಡ. ಆ ವರ್ಷಗಳಲ್ಲೆಲ್ಲ ನೌಕಾಪಡೆಯ ದೊಡ್ಡ ಕುರ್ಚಿಯಲ್ಲಿ ಇದ್ದವನು, 1938ರಲ್ಲಿ ಅವನ ಒಂದು ಮಾತಿನಿಂದ ಬದುಕಿಕೊಂಡ ಹುಡುಗ. ಗೋರ್ಷ್ಕೋವ್ 1988ರ ಮೇ 13ರಂದು ತೀರಿಕೊಂಡ. ಕುಜ್ನೆತ್ಸೊವ್‌ನ ರ‍್ಯಾಂಕ್ ಮರಳಿ ಬಂದದ್ದು ಅದೇ ವರ್ಷ ಜುಲೈನಲ್ಲಿ.

ಸೋವಿಯತ್ ಒಕ್ಕೂಟವೇ ಕುಸಿಯುವ ಹೊತ್ತಿಗೆ 'ಬಾಕು' ಅನ್ನುವ ಹಡಗಿಗೆ ಗೋರ್ಷ್ಕೋವ್ ಹೆಸರಿಟ್ಟರು. 1994ರಲ್ಲಿ ಅದರ ಬಾಯ್ಲರ್ ಸಿಡಿಯಿತು, ಆಮೇಲೆ ಮೂಲೆಗೆ ಬಿತ್ತು. 2004ರಲ್ಲಿ ಭಾರತ ಒಪ್ಪಂದ ಮಾಡಿಕೊಂಡಿತು. ರಿಪೇರಿ ಖರ್ಚು ಎರಡು ಪಟ್ಟಿಗೂ ಹೆಚ್ಚು ಏರಿ, 2013ರ ನವೆಂಬರ್ 16ರಂದು ನಮ್ಮದಾಗಿ, ಮುಂದಿನ ಜನವರಿಯಲ್ಲಿ ಕಾರವಾರ ತಲುಪಿತು. ರಷ್ಯಾದ ಬಳಿ ಉಳಿದ ವಿಮಾನವಾಹಕದ ಹೆಸರೇನು ಗೊತ್ತಾ? 'ಅಡ್ಮಿರಲ್ ಕುಜ್ನೆತ್ಸೊವ್'.

ನನ್ನ ಪಾಲಿನ ಹಡಗು

ಇದೆಲ್ಲ ನನ್ನನ್ನು ಯಾಕೆ ಕಾಡಿತು ಅಂತ ಹೇಳಿಬಿಡ್ತೀನಿ. ಮೂರು ವರ್ಷದ ಹಿಂದೆ ಒಂದು ಸಂಜೆ ಟೆಸ್ಟ್ ಸರ್ವರ್ ಅಂದುಕೊಂಡು ಪ್ರೊಡಕ್ಷನ್ ಡೇಟಾಬೇಸಿನ ಮೇಲೆ ಸ್ಕ್ರಿಪ್ಟ್ ಓಡಿಸಿದೆ. ಎರಡು ಗಂಟೆಯ ಆರ್ಡರುಗಳು ಹೋದವು. ಮರುದಿನದ ಕಾಲ್‌ನಲ್ಲಿ ನನ್ನ ಮ್ಯಾನೇಜರ್ ನನ್ನ ಹೆಸರನ್ನೇ ಎತ್ತಲಿಲ್ಲ. "ರಿವ್ಯೂ ಮಾಡಬೇಕಿದ್ದವನು ನಾನು" ಅಂದುಬಿಟ್ಟರು.

ಕಳೆದ ವರ್ಷ ಟೀಮುಗಳನ್ನು ಕೂಡಿಸುವಾಗ ಅವರನ್ನು ಕಳಿಸುವ ಮಾತು ಬಂತು. ಕಾಲ್‌ನಲ್ಲಿ ಯಾರೋ ಆ ಹಳೆಯ ಘಟನೆಯನ್ನೇ ಅವರ ವೈಫಲ್ಯ ಅಂತ ಎತ್ತಿದರು. ನಾನೂ ಕಾಲ್‌ನಲ್ಲಿದ್ದೆ. ಮ್ಯೂಟ್‌ನಲ್ಲಿದ್ದೆ. ಬೆರಳು ಅನ್‌ಮ್ಯೂಟ್ ಬಟನ್ ಹತ್ತಿರ ಹೋಯಿತು, ಒತ್ತಲಿಲ್ಲ. ಒಂದು ತಿಂಗಳಿಗೆ ಅವರ ಕುರ್ಚಿ ನನಗೆ ಬಂತು. ಅವರಿಗೊಂದು ಫೋನ್ ಕೂಡ ಮಾಡಿರಲಿಲ್ಲ.

ಹಳೇಬೀಡಿನ ಕಂಬದ ಮುಂದೆ ನಿಂತಾಗ ಅನ್ನಿಸಿದ್ದು ಇಷ್ಟೇ: ವೇಳೆವಾಳಿಯನ್ನು ಯಾರೂ ನನ್ನಿಂದ ಕೇಳಿರಲಿಲ್ಲ. ಕೇಳಿದ್ದರೆ ಜೋಳವಾಳಿ, ಅದೂ ಒಂದೇ ವಾಕ್ಯದ್ದು. ಅಷ್ಟನ್ನೂ ಕೊಟ್ಟಿರಲಿಲ್ಲ.

ಅವತ್ತು ಸಂಜೆ ಅರಸೀಕೆರೆಯ ಮನೆಯ ಜಗುಲಿಯಲ್ಲಿ ಕೂತು ಫೋನ್ ಮಾಡಿದೆ. ಎಲ್ಲ ಹೇಳಿದೆ. ಆ ಕಡೆ ಸ್ವಲ್ಪ ಹೊತ್ತು ಮಾತಿರಲಿಲ್ಲ. ಆಮೇಲೆ, "ನೀನು ಕಾಲ್‌ನಲ್ಲಿ ಇದ್ದಿದ್ದು ಗೊತ್ತಿತ್ತು ಕಣಪ್ಪ" ಅಂದರು. ಬೇಜಾರಾಗಿತ್ತು ಅಂತಲೂ ಹೇಳಿದರು, ಮುಚ್ಚಿಡಲಿಲ್ಲ. ಅವರಿಗೆ ಇನ್ನೂ ಸರಿಯಾದ ಕೆಲಸ ಸಿಕ್ಕಿರಲಿಲ್ಲ. ಆ ರಾತ್ರಿಯೇ ಲಿಂಕ್ಡ್‌ಇನ್‌ನಲ್ಲಿ ಅವರ ಬಗ್ಗೆ ಬರೆದೆ. ತಪ್ಪು ನನ್ನದು, ಹೊತ್ತವರು ಅವರು ಅಂತ ನನ್ನ ಹೆಸರು ಹಾಕಿಯೇ ಬರೆದೆ. ಸೋಮವಾರ ನನ್ನ ಈಗಿನ ಬಾಸ್‌ಗೂ ಅದನ್ನೇ ಹೇಳಿದೆ.

ಅದರಿಂದ ಅವರ ಕೆಲಸ ವಾಪಸ್ ಬರಲಿಲ್ಲ. ಫೋನ್ ಇಡುವ ಮೊದಲು ಅವರು, "ಬೆಂಗಳೂರಿಗೆ ಬರೋವಾಗ ನಿಮ್ಮೂರ ಕೊಬ್ಬರಿ ತಗೊಂಡು ಬಾ" ಅಂದಿದ್ದರು. ತಗೊಂಡು ಹೋಗಿ ಅವರ ಮನೆಯಲ್ಲಿ ಕಾಫಿ ಕುಡಿದು ಬಂದೆ.