ತೂತು ಎಣಿಸಿ ರಿಮ್ ತರಬೇಡಿ

ಬೀರೂರಿನಲ್ಲಿ ಅಪ್ಪನ ಡಿಸೈರ್ ಗುಂಡಿಗೆ ಬಿದ್ದು ಒಂದು ಅಲಾಯ್ ರಿಮ್ ಬಿರುಕು ಬಿಟ್ಟಿದೆ. "ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ಹಳೇದು ಸಿಗುತ್ತಲ್ಲ, ನಾಲ್ಕು ತೂತಿನದು ತಗೊಂಡು ಬಾ" ಅಂತ ಫೋನ್.

ತೂತು ಎಣಿಸಿದರೆ ಸಾಲದು. ಅವು ಕೂತಿರುವ ವೃತ್ತದ ವ್ಯಾಸ, ಅಂದರೆ ಪಿಸಿಡಿ, ಮುಖ್ಯ. ಡಿಸೈರ್‌ದು 100 ಮಿ.ಮೀ. ಫೋರ್ಡ್ ಫಿಗೊದ್ದೂ ನಾಲ್ಕೇ ತೂತು, ಆದರೆ 108, ಕೂರುವುದೇ ಇಲ್ಲ. ಅದಾದರೂ ಪರವಾಗಿಲ್ಲ, ಅಂಗಡಿಯಲ್ಲೇ ಗೊತ್ತಾಗುತ್ತೆ. ಅಪಾಯ ಇರುವುದು ಕೂತಂತೆ ಕಾಣುವ ರಿಮ್‌ನಲ್ಲಿ. ಹೋಂಡಾ ಸಿಟಿಯ ಹಳೇ ಕಂಪನಿ ರಿಮ್‌ನದೂ ನಾಲ್ಕು ತೂತು, 100 ಮಿ.ಮೀ. ಆದರೆ ನಡುವಿನ ತೂತು 56.1, ಡಿಸೈರ್‌ಗೆ ಬೇಕಾದದ್ದು 54.1. ಆ ಸಂದಿಯಿಂದ ಹೈವೇಯಲ್ಲಿ ಸ್ಟೀರಿಂಗ್ ನಡುಗಬಹುದು. ಅದಕ್ಕೆ ರಿಂಗ್ ಸಿಗುತ್ತೆ ಅನ್ನಿ. ಆದರೆ ಹೋಂಡಾ ರಿಮ್‌ನಲ್ಲಿ ನಟ್ ಕೂರುವ ಜಾಗ ಗುಂಡಗೆ, ಮಾರುತಿ ನಟ್‌ನ ಮೂತಿ ಚೂಪು. ಅಂಚಿನಲ್ಲಷ್ಟೇ ತಾಗಿ, ಓಡುತ್ತಾ ಓಡುತ್ತಾ ಸಡಿಲ ಆಗುತ್ತೆ. ಕೆಮ್ಮಣ್ಣುಗುಂಡಿ ತಿರುವಿನಲ್ಲಿ, ಮನೆಮಂದಿಯೆಲ್ಲ ಒಳಗಿರುವಾಗ!

ರಿಮ್ ಮೇಲೆ ಇಟಿ ಅಂತ ಕೆತ್ತಿರುವ ಆಫ್‌ಸೆಟ್ ಅಂಕಿಯನ್ನೂ ಹಳೇದರ ಜೊತೆ ಹೋಲಿಸಿ. ತೀರಾ ಕಡಿಮೆಯಾದರೆ ಚಕ್ರ ಹೊರಚಾಚಿ, ಲಗೇಜ್ ತುಂಬಿದಾಗ ಟೈರ್ ಫೆಂಡರ್‌ಗೆ ಉಜ್ಜುತ್ತೆ.

ನನ್ನ ಕೇಳಿದರೆ, ನಮ್ಮೂರ ರಸ್ತೆಗೆ ಕಂಪನಿಯದೇ 14 ಇಂಚಿನ ಸ್ಟೀಲ್ ರಿಮ್ ವಾಸಿ. ಹೊಡೆತ ಬಿದ್ದರೆ ಸಾಮಾನ್ಯವಾಗಿ ಸೊಟ್ಟಗಾಗುತ್ತೆ, ಸೀಳುವುದು ಕಡಿಮೆ. ಹಾಕುವುದಾದರೆ ನಾಲ್ಕೂ ಹಾಕಿ. 165/80 ಆರ್14 ಟೈರಿಗೂ 185/65 ಆರ್15 ಟೈರಿಗೂ ಎತ್ತರದ ವ್ಯತ್ಯಾಸ ಸುಮಾರು 2 ಮಿ.ಮೀ. ಮಾತ್ರ, ಸ್ಪೀಡೋಮೀಟರ್ ಕೆಡಲ್ಲ. ನೋಡೋಕೆ ಸಪ್ಪೆ, ನಿಜ.

ಬಿರುಕು ಬಿಟ್ಟ ಅಲಾಯ್‌ಗೆ ವೆಲ್ಡಿಂಗ್ ಮಾಡಿಕೊಡ್ತೀವಿ ಅನ್ನೋರು ಸಿಗ್ತಾರೆ. ಅದನ್ನು ಸ್ಟೆಪ್ನಿಗೂ ಇಡಬೇಡಿ.