ಊರು ಸರ್ಬಿಯಾದ್ದು, ದುಡ್ಡು ಹಂಗೇರಿಯದ್ದು: 12 ಸಾವಿರ ಜನರ ಊರಿನ ಕ್ಲಬ್ ಯೂರೋಪಾ ಲೀಗ್ ಆಡಿದ ಕತೆ

2023ರ ಸೆಪ್ಟೆಂಬರ್ 21. ಲಂಡನ್‌ನಲ್ಲಿ ವೆಸ್ಟ್ ಹ್ಯಾಮ್ ತಂಡದ ಎದುರು ಯೂರೋಪಾ ಲೀಗ್ ಪಂದ್ಯ. ದ್ವಿತೀಯಾರ್ಧ ಶುರುವಾಗಿ ಇನ್ನೂ ಜನ ಸರಿಯಾಗಿ ಕೂತಿರಲಿಲ್ಲ, ಪೆಟಾರ್ ಸ್ಟಾನಿಚ್ ಎಂಬ ಆಟಗಾರ ಗೋಲು ಹೊಡೆದುಬಿಟ್ಟ. ಮುನ್ನಡೆ ಪಡೆದದ್ದು ವೆಸ್ಟ್ ಹ್ಯಾಮ್ ಅಲ್ಲ, ಬಾಚ್ಕಾ ಟೊಪೊಲಾ ಎಂಬ ಊರಿನ ಟಿಎಸ್‌ಸಿ. ಆ ಊರಿನ ಅಷ್ಟೂ ಜನರನ್ನು ಕರೆತಂದು ಕೂರಿಸಿದರೂ ಲಂಡನ್ ಸ್ಟೇಡಿಯಂನ ಐದನೇ ಒಂದು ಭಾಗ ತುಂಬುತ್ತಿತ್ತು, ಅಷ್ಟೇ. ಕೊನೆಗೆ 3-1ರಿಂದ ಸೋತರು ಅನ್ನೋದು ಬೇರೆ ಮಾತು.

ಇಂಥದ್ದನ್ನು ಫುಟ್ಬಾಲ್ ವರದಿಗಾರರು ಒಂದೇ ಏಟಿಗೆ ‘ಸಿಂಡ್ರೆಲಾ ಕತೆ’ ಅಂತ ಬರೆದು ಮುಗಿಸ್ತಾರೆ. ಆದರೆ ಸಿಂಡ್ರೆಲಾಗೆ ರಥ ಕೊಟ್ಟವರು ಯಾರು, ಯಾಕೆ ಕೊಟ್ಟರು ಅಂತ ಕೇಳಿದರೆ ಈ ಕತೆ ಕ್ರೀಡಾ ಪುಟದಲ್ಲಿ ಉಳಿಯಲ್ಲ. ಸೀದಾ ರಾಜಕೀಯಕ್ಕೆ ಬರುತ್ತೆ.

ಮೊದಲು ಹೆಸರನ್ನೇ ನೋಡಿ. ಟಿಎಸ್‌ಸಿ ಅಂದರೆ ಟೊಪೊಲ್ಯಾಯ್ ಸ್ಪೋರ್ಟ್ ಕ್ಲಬ್. ಇದು ಸರ್ಬಿಯನ್ ಅಲ್ಲ, ಹಂಗೇರಿಯನ್. ಕ್ಲಬ್ ಹುಟ್ಟಿದ್ದು 1913ರಲ್ಲಿ, ಆಗ ಆ ಊರು ಆಸ್ಟ್ರಿಯಾ-ಹಂಗೇರಿ ಸಾಮ್ರಾಜ್ಯದಲ್ಲಿತ್ತು. ಮುಂದಿನ ವರ್ಷವೇ ಮೊದಲ ಮಹಾಯುದ್ಧ. ಯುದ್ಧ ಮುಗಿದಾಗ ಊರು ಇದ್ದಲ್ಲೇ ಇತ್ತು, ದೇಶ ಬದಲಾಗಿತ್ತು. 1920ರ ಟ್ರಿಯಾನಾನ್ ಒಪ್ಪಂದದಲ್ಲಿ ಹಂಗೇರಿ ತನ್ನ ಮೂರನೇ ಎರಡರಷ್ಟು ನೆಲ ಕಳೆದುಕೊಂಡಿತು. ಬಾಚ್ಕಾ ಸೀಮೆ ಸರ್ಬ್, ಕ್ರೊವಾಟ್, ಸ್ಲೊವೀನರ ಹೊಸ ರಾಜ್ಯಕ್ಕೆ ಸೇರಿತು. ರಾತ್ರಿ ಬೆಳಗಾಗುವುದರೊಳಗೆ ಅಲ್ಲಿನ ಹಂಗೇರಿಯನ್ನರು ತಮ್ಮದೇ ಮನೆಯಲ್ಲಿ ಅಲ್ಪಸಂಖ್ಯಾತರಾದರು.

1941ರಲ್ಲಿ ನಾಜಿಗಳ ಜೊತೆಗಿದ್ದ ಹಂಗೇರಿ ಈ ಸೀಮೆಯನ್ನು ಮತ್ತೆ ವಶಪಡಿಸಿಕೊಂಡಿತು. ಟೊಪೊಲಾದಲ್ಲಿ ಬಂಧನ ಶಿಬಿರ ತೆರೆಯಿತು. 1944ರಲ್ಲಿ ಯಹೂದಿಗಳನ್ನು ಅದೇ ಶಿಬಿರದ ಮೂಲಕ ಆಶ್‌ವಿಟ್ಜ್‌ಗೆ ಸಾಗಿಸಿದರು. ಅದೇ ವರ್ಷದ ಕೊನೆಗೆ ಟಿಟೋನ ಪಾರ್ಟಿಸಾನ್ ಪಡೆ ಬಂತು, ಈ ಸಲ ಸೇಡಿಗೆ ಬಲಿಯಾದವರು ಹಂಗೇರಿಯನ್ನರು. ಆಮೇಲೆ ಸಮಾಜವಾದಿ ಯುಗೊಸ್ಲಾವಿಯಾ, ಅದು ಒಡೆದ ಮೇಲೆ ಉಳಿದ ತುಂಡು ಯುಗೊಸ್ಲಾವಿಯಾ, ಸರ್ಬಿಯಾ-ಮಾಂಟೆನೆಗ್ರೊ, 2006ರಿಂದ ಬರೀ ಸರ್ಬಿಯಾ. ಕ್ಲಬ್ ಒಂದಿಂಚು ಕದಲದೆ ಇಷ್ಟೂ ದೇಶ ಸುತ್ತಿದೆ.

ದೇಶ ಬದಲಾದಂತೆ ಕ್ಲಬ್ಬಿನ ಹೆಸರೂ ಬದಲಾಯಿತು. ಅದರಲ್ಲಿ ನೆನಪಿಡಬೇಕಾದ್ದು ಎಐಕೆ. ಊರಿನ ಕೃಷಿ-ಕೈಗಾರಿಕಾ ಉದ್ದಿಮೆಯ ಹೆಸರು ಅದು. ಯುಗೊಸ್ಲಾವಿಯಾದಲ್ಲಿ ಇದು ಸಾಮಾನ್ಯ ಪದ್ಧತಿ: ಊರಿಗೊಂದು ಕಾರ್ಖಾನೆ, ಕಾರ್ಖಾನೆಗೊಂದು ತಂಡ. ಉದ್ದಿಮೆ ಚೆನ್ನಾಗಿದ್ದರೆ ತಂಡಕ್ಕೆ ಬಟ್ಟೆ, ಬೂಟು, ಬಸ್ಸು. ಉದ್ದಿಮೆ ಬಿದ್ದರೆ ತಂಡವೂ ಬಿತ್ತು. 1990ರ ದಶಕದ ಯುದ್ಧ, ನಿರ್ಬಂಧ, ಆಮೇಲಿನ ಖಾಸಗೀಕರಣ ಇಂಥ ನೂರಾರು ಊರುಗಳ ಕತೆ ಮುಗಿಸಿದವು.

ಆದರೆ ಆ ಬಡ ಎಐಕೆ ಇಬ್ಬರನ್ನು ಬೆಳೆಸಿತ್ತು. ಒಬ್ಬ ನಿಕೊಲಾ ಜಿಗಿಚ್, ಎರಡು ಮೀಟರ್ ಮೀರಿದ ಎತ್ತರದ ಸ್ಟ್ರೈಕರ್. 2011ರ ಇಂಗ್ಲಿಷ್ ಲೀಗ್ ಕಪ್ ಫೈನಲ್‌ನಲ್ಲಿ ಆರ್ಸೆನಲ್ ವಿರುದ್ಧ ಬರ್ಮಿಂಗ್‌ಹ್ಯಾಮ್ ಪರ ಗೋಲು ಹೊಡೆದವನು ಇವನೇ. ಇನ್ನೊಬ್ಬ ದುಶಾನ್ ತಾದಿಚ್, ಮುಂದೆ ಸರ್ಬಿಯಾ ತಂಡದ ನಾಯಕ, 2019ರಲ್ಲಿ ಚಾಂಪಿಯನ್ಸ್ ಲೀಗ್ ಸೆಮಿಫೈನಲ್ ತಲುಪಿದ ಅಯಾಕ್ಸ್ ತಂಡದ ಜೀವಾಳ. ಇಬ್ಬರೂ ಬಾಚ್ಕಾ ಟೊಪೊಲಾದಲ್ಲೇ ಹುಟ್ಟಿದವರು. ಅವರನ್ನು ಬೆಳೆಸುವಾಗ ಊರಿನಲ್ಲಿ ಹೊಸ ಸ್ಟೇಡಿಯಂ ಇರಲಿಲ್ಲ, ಯೂರೋಪಾ ಲೀಗ್ ಕನಸೂ ಇರಲಿಲ್ಲ. ಈ ಅಂಶವನ್ನು ತಲೆಯಲ್ಲಿಟ್ಟುಕೊಳ್ಳಿ.

ಬುಡಾಪೆಸ್ಟ್ ಪ್ರವೇಶ

2010ರಲ್ಲಿ ಹಂಗೇರಿಯಲ್ಲಿ ವಿಕ್ಟರ್ ಓರ್ಬಾನ್ ಮತ್ತೆ ಅಧಿಕಾರಕ್ಕೆ ಬಂದರು. ಫುಟ್ಬಾಲ್ ಹುಚ್ಚಿನ ಮನುಷ್ಯ, ಸ್ವತಃ ಕೆಳಹಂತದ ಲೀಗ್‌ನಲ್ಲಿ ಆಡಿದವರು. ಕಂಪನಿಗಳು ಕಟ್ಟಬೇಕಾದ ತೆರಿಗೆಯ ಒಂದು ಪಾಲನ್ನು ನೇರವಾಗಿ ಕ್ರೀಡಾ ಕ್ಲಬ್‌ಗಳಿಗೆ ಕೊಡಲು ಅವರ ಸರ್ಕಾರ 2011ರಲ್ಲಿ ದಾರಿ ಮಾಡಿಕೊಟ್ಟಿತು. ಖಜಾನೆಗೆ ಬರಬೇಕಾದ ಹಣ ಹುಲ್ಲುಹಾಸಾಯಿತು, ಗ್ಯಾಲರಿಯಾಯಿತು. ಓರ್ಬಾನ್ ಬೆಳೆದ ಫೆಲ್ಚೂತ್ ಹಳ್ಳಿಯ ಜನಸಂಖ್ಯೆ ಎರಡು ಸಾವಿರವೂ ಇಲ್ಲ. ಅಲ್ಲಿ 2014ರಲ್ಲಿ ತಲೆ ಎತ್ತಿದ ಸ್ಟೇಡಿಯಂನಲ್ಲಿ ಹಳ್ಳಿಯ ಜನರಿಗಿಂತ ಹೆಚ್ಚು ಕುರ್ಚಿಗಳಿವೆ!

ಇದು ಗಡಿಯೊಳಗಿನ ಕತೆ. ಗಡಿಯಾಚೆಗೂ ಸರ್ಕಾರದ ಹಣ ಹರಿಯಿತು. ಟ್ರಿಯಾನಾನ್ ನಂತರ ಬೇರೆ ಬೇರೆ ದೇಶಗಳ ಪಾಲಾದ ಹಂಗೇರಿಯನ್ನರ ಊರುಗಳ ಭೂಪಟ ತೆಗೆದಿಡಿ. ಸ್ಲೊವಾಕಿಯಾದ ದುನಾಯ್‌ಸ್ಕಾ ಸ್ಟ್ರೇದಾ, ರೊಮೇನಿಯಾದ ಸೆಪ್ಶಿ, ಸ್ಲೊವೇನಿಯಾದ ಲೆಂದಾವಾ, ಸರ್ಬಿಯಾದ ಬಾಚ್ಕಾ ಟೊಪೊಲಾ. ಹಂಗೇರಿಯ ಸರ್ಕಾರಿ ಹಣ ತಲುಪಿದ ಕ್ಲಬ್‌ಗಳಿಗೆ ಗುರುತು ಹಾಕುತ್ತಾ ಹೋದರೆ ಹಳೆಯ ಹಂಗೇರಿಯ ಅಂಚು ಕಾಣತೊಡಗುತ್ತೆ. ನನ್ನ ಪ್ರಕಾರ ಇದು ಕಾಕತಾಳೀಯ ಅಲ್ಲ.

ಟೊಪೊಲಾದಲ್ಲಿ ಫಲಿತಾಂಶ ಬೇಗ ಬಂತು. 2019ರಲ್ಲಿ ಮೊದಲ ಬಾರಿಗೆ ಸರ್ಬಿಯಾದ ಅಗ್ರ ಲೀಗ್‌ಗೆ ಬಡ್ತಿ. ಮೊದಲ ವರ್ಷವೇ ನಾಲ್ಕನೇ ಸ್ಥಾನ. 2020ರ ಯೂರೋಪಾ ಲೀಗ್ ಅರ್ಹತಾ ಸುತ್ತಿನಲ್ಲಿ ರೊಮೇನಿಯಾದ ಎಫ್‌ಸಿಎಸ್‌ಬಿ ಜೊತೆ 6-6ರ ಡ್ರಾ! ಆ ಅಂಕಿ ಅಚ್ಚಿನ ತಪ್ಪಲ್ಲ. ಪೆನಾಲ್ಟಿಯಲ್ಲಿ ಸೋತರು. 2021ರಲ್ಲಿ 4,500 ಆಸನಗಳ ಟಿಎಸ್‌ಸಿ ಅರೇನಾ ತೆರೆಯಿತು. 2022-23ರಲ್ಲಿ ಪಾರ್ಟಿಸಾನ್ ತಂಡವನ್ನೂ ಹಿಂದಿಕ್ಕಿ ರೆಡ್ ಸ್ಟಾರ್ ನಂತರ ಎರಡನೇ ಸ್ಥಾನ. ಬೆಲ್‌ಗ್ರೇಡ್‌ನ ಈ ಎರಡು ದೈತ್ಯರ ಮಧ್ಯೆ ನುಗ್ಗುವುದು ಎಷ್ಟು ಕಷ್ಟ ಅನ್ನೋದು ಸರ್ಬಿಯಾದ ಫುಟ್ಬಾಲ್ ನೋಡಿದವರಿಗೆ ಗೊತ್ತು. ಹಾಗೇ ಲಂಡನ್ ಪಂದ್ಯ. ನವೆಂಬರ್‌ನಲ್ಲಿ ವೆಸ್ಟ್ ಹ್ಯಾಮ್ ಟೊಪೊಲಾಗೇ ಬಂದು ಆಡಿತು, ಕೊನೆಯ ನಿಮಿಷಗಳ ಒಂದು ಗೋಲಿನಿಂದ ಹೇಗೋ ಗೆದ್ದು ಹೋಯಿತು.

ಒಂದೇ ಕೈ, ಎರಡು ಕೊಡುಗೆ

ಹಾಗಾದ್ರೆ ತಪ್ಪೇನು? ಕಡೆಗಣಿಸಿದ್ದ ಊರಿಗೆ ಯಾರೋ ಸ್ಟೇಡಿಯಂ ಕಟ್ಟಿಸಿದರೆ ನಿಮಗ್ಯಾಕೆ ಹೊಟ್ಟೆಯುರಿ ಅಂತ ಕೇಳಬಹುದು. ನ್ಯಾಯವಾದ ಪ್ರಶ್ನೆ. ಸರ್ಬಿಯಾದಲ್ಲಿ ರಾಜಕೀಯದ ನೆರಳಿಲ್ಲದ ದೊಡ್ಡ ಕ್ಲಬ್ ಹುಡುಕುವುದೇ ಕಷ್ಟ. ರೆಡ್ ಸ್ಟಾರ್ ಅಂಗಿಯ ಮೇಲೆ 2010ರಿಂದ ರಷ್ಯಾ ಸರ್ಕಾರದ ಹಿಡಿತದಲ್ಲಿರುವ ಗಾಜ್‌ಪ್ರೋಮ್ ಹೆಸರಿತ್ತು. ಟಿಎಸ್‌ಸಿಯನ್ನು ಮಾತ್ರ ‘ಓರ್ಬಾನ್ ಕ್ಲಬ್’ ಅಂತ ಹೀಗಳೆಯುವುದರಲ್ಲಿ ಅಲ್ಪಸಂಖ್ಯಾತರ ಬಗೆಗಿನ ಹಳೆಯ ಅಸಹನೆಯೂ ಒಂದಿಷ್ಟು ಬೆರೆತಿರುತ್ತೆ.

ಆದರೂ ಲೆಕ್ಕ ನೋಡೋಣ. ಓರ್ಬಾನ್ ಸರ್ಕಾರ 2011ರಿಂದ ಗಡಿಯಾಚೆಯ ಹಂಗೇರಿಯನ್ನರಿಗೆ ಸುಲಭವಾಗಿ ಪೌರತ್ವ ಕೊಡಲು ಶುರು ಮಾಡಿತು. 2014ರಿಂದ ಅವರು ಅಂಚೆ ಮೂಲಕ ಹಂಗೇರಿಯ ಚುನಾವಣೆಯಲ್ಲಿ ಮತ ಹಾಕಬಹುದು. 2014, 2018, 2022, ಈ ಮೂರೂ ಚುನಾವಣೆಯಲ್ಲಿ ಆ ಅಂಚೆ ಮತಗಳಲ್ಲಿ ನೂರಕ್ಕೆ 90ಕ್ಕಿಂತ ಹೆಚ್ಚು ಹೋದದ್ದು ಓರ್ಬಾನ್ ಅವರ ಫಿದೆಸ್ ಪಕ್ಷಕ್ಕೆ. ಇತ್ತ ಸರ್ಬಿಯಾದೊಳಗೆ ಹಂಗೇರಿಯನ್ನರ ಮುಖ್ಯ ಪಕ್ಷ ವಿಎಂಎಸ್‌ಜೆಡ್ ಅಧ್ಯಕ್ಷ ವುಚಿಚ್ ಅವರ ಕೂಟದ ಜೊತೆಗಾರ. ಓರ್ಬಾನ್-ವುಚಿಚ್ ಸ್ನೇಹ ಗಟ್ಟಿ. ಹೀಗಾಗಿ ಇನ್ನೊಂದು ದೇಶದ ಹಣ ತನ್ನ ನೆಲದಲ್ಲಿ ಸ್ಟೇಡಿಯಂ ಕಟ್ಟಿದ್ದಕ್ಕೆ ಬೆಲ್‌ಗ್ರೇಡ್ ತಕರಾರು ತೆಗೆಯಲಿಲ್ಲ.

ನಾನು ಓದಿದ್ದು ಇಂಜಿನಿಯರಿಂಗ್, ಆದ್ದರಿಂದ ಒಂದು ಯಂತ್ರಕ್ಕೆ ಎರಡು ವಿರುದ್ಧ ದಿಕ್ಕಿನ ಬಲ ಹಾಕಿದರೆ ಕಣ್ಣು ಅಲ್ಲಿಗೇ ಹೋಗುತ್ತೆ. ಅಕಾಡೆಮಿ, ಸ್ಟೇಡಿಯಂ, ಪ್ರೊಸ್ಪೆರಿತಾತಿ ಪ್ರತಿಷ್ಠಾನದ ಮೂಲಕ ಕೃಷಿ ಮತ್ತು ಮನೆಗೆ ಕೊಡುವ ಅನುದಾನ, ಇವೆಲ್ಲ ಹೇಳುವುದು ‘ಹುಟ್ಟೂರಲ್ಲೇ ಬಾಳಿ’ ಅಂತ. ಅದೇ ಸರ್ಕಾರ ಕೊಟ್ಟ ಪಾಸ್‌ಪೋರ್ಟ್ ಐರೋಪ್ಯ ಒಕ್ಕೂಟದ ಪಾಸ್‌ಪೋರ್ಟ್. ಒಕ್ಕೂಟಕ್ಕೆ ಇನ್ನೂ ಸೇರದ ಸರ್ಬಿಯಾದ ಯುವಕನಿಗೆ ಅದು ಜರ್ಮನಿ, ಆಸ್ಟ್ರಿಯಾದ ಕಾರ್ಖಾನೆಗಳ ಬಾಗಿಲು ತೆರೆಯುತ್ತೆ. 22 ವರ್ಷದ ಹುಡುಗ ಯಾವುದನ್ನು ಆರಿಸಿಕೊಳ್ತಾನೆ?

ಜನಗಣತಿ ಉತ್ತರ ಹೇಳುತ್ತೆ. 1991ರಲ್ಲಿ ಸರ್ಬಿಯಾದಲ್ಲಿ 3 ಲಕ್ಷ 40 ಸಾವಿರಕ್ಕೂ ಹೆಚ್ಚು ಹಂಗೇರಿಯನ್ನರಿದ್ದರು. 2011ಕ್ಕೆ ಸುಮಾರು 2 ಲಕ್ಷ 54 ಸಾವಿರ. 2022ರಲ್ಲಿ ಉಳಿದವರು 1 ಲಕ್ಷ 84 ಸಾವಿರ ಮಾತ್ರ. ಮೊದಲ ಇಪ್ಪತ್ತು ವರ್ಷದ ಕುಸಿತಕ್ಕೆ ಯುದ್ಧ, ನಿರ್ಬಂಧಗಳ ಕಾರಣ ಕೊಡಬಹುದು. 2011ರ ನಂತರದ 70 ಸಾವಿರಕ್ಕೆ? ವೃದ್ಧಾಪ್ಯ, ಕಡಿಮೆ ಜನನ, ಜನಾಂಗ ನಮೂದಿಸದವರು, ಎಲ್ಲವೂ ಅದರಲ್ಲಿವೆ. ಪಾಸ್‌ಪೋರ್ಟ್ ಕೂಡ ಇದೆ. 2002ರಲ್ಲಿ 16 ಸಾವಿರ ಜನರಿದ್ದ ಬಾಚ್ಕಾ ಟೊಪೊಲಾ 2022ಕ್ಕೆ 12 ಸಾವಿರದ ಆಸುಪಾಸಿಗೆ ಇಳಿಯಿತು. ಅಂದರೆ ಇಪ್ಪತ್ತು ವರ್ಷದಲ್ಲಿ ಊರು ಕಳೆದುಕೊಂಡ ಜನರನ್ನು ಲೆಕ್ಕ ಹಾಕಿದರೆ ಹೊಸ ಸ್ಟೇಡಿಯಂ ಬಹುಮಟ್ಟಿಗೆ ತುಂಬಿಬಿಡುತ್ತೆ.

ಮೈದಾನದಲ್ಲೂ ಇದರ ಗುರುತಿದೆ. ಯೂರೋಪಾ ಲೀಗ್ ಆಡಿದ ತಂಡದಲ್ಲಿ ಬಹುಪಾಲು ಆಟಗಾರರು ಹೊರಗಿನಿಂದ ಬಂದ ವೃತ್ತಿಪರರು, ಹಂಗೇರಿಯನ್ನರಲ್ಲ. ಅದು ದೋಷವೇನಲ್ಲ, ಜಿಗಿಚ್ ಮತ್ತು ತಾದಿಚ್ ಕೂಡ ಸರ್ಬರೇ. ಆದರೆ ಅವರಿಬ್ಬರು ಟೊಪೊಲಾದಿಂದ ಹೊರಟು ದೊಡ್ಡವರಾದವರು. ಮೊದಲು ಕಾರ್ಖಾನೆ, ಆಮೇಲೆ ಬುಡಾಪೆಸ್ಟ್: ಎರಡೂ ಕಾಲದಲ್ಲಿ ಕ್ಲಬ್ಬಿನ ನೀರು ಒಂದೇ ನಲ್ಲಿಯಿಂದ ಬಂದಿದೆ. ಮೊದಲ ನಲ್ಲಿ ನಿಂತಾಗ ಏನಾಯಿತು ಅಂತ ಊರಿನ ಹಿರಿಯರು ಕಂಡಿದ್ದಾರೆ. ಎರಡನೆಯದರ ಕೀಲಿ ಇರುವುದು ಗಡಿಯಾಚೆ, ಹಂಗೇರಿಯ ಮತದಾರರ ಕೈಯಲ್ಲಿ. ಆ ಮತದಾರರಲ್ಲಿ ಕೆಲವರು ಟಿಎಸ್‌ಸಿ ಅರೇನಾದ ಗ್ಯಾಲರಿಯಲ್ಲೇ ಕೂತಿರುತ್ತಾರೆ.